ಕೌಂಟನ ಹೆಂಡತಿಯ ಹೆಸರು

ಕಾಪು, 10 ಜನವರಿ 1979. ಬೆಳಿಗ್ಗೆ 10

ಹದಿನೇಳು ಪುಟ ಟೈಪ್ ಆಯಿತು. ಬೆರಳೆಲ್ಲ ಕಾರ್ಬನ್. ಇವರು ಕಾರ್ಕಳಕ್ಕೆ, ಕಾಲೇಜಿಗೆ. ಇವರು! ಉಮಾನಾಥ, ಉಮಾನಾಥ, ಉಮಾನಾಥ — ಬಾಯಲ್ಲಿ ಹೇಳಬಾರದಂತೆ, ಇಲ್ಲಿ ಬರೆಯಬಹುದಲ್ಲ! ಮದುವೆಯಾಗಿ ನಲವತ್ತೊಂದು ದಿನ. ಹೆವೆನ್ಲಿ!

ಇಪ್ಪತ್ತನೇ ತಾರೀಕು ಮಣಿಪಾಲದಲ್ಲಿ ಇವರ ಲೆಕ್ಚರ್: ಎಂಟುನೂರು ವರ್ಷ ಹಿಂದಿನ ಫ್ರಾನ್ಸಿನ ಕೌಂಟ್ ರಾವುಲ್, ಅವನ ಕುಟುಂಬ. ನಮ್ಮೂರ ಗುತ್ತಿನ ಮನೆಯ ಯಜಮಾನರ ಹಾಗೆ, ಊರಾಳುವ ದೊಡ್ಡ ಜನ. ಅತ್ತೆಗೆ ಅವನು 'ರಾವುಲಣ್ಣ'. ಅವನನ್ನೂ ಹೆಸರು ಹಿಡಿದು ಕರೆಯುತ್ತಾರೆ. ನಾನು ಮಾತ್ರ ಬಂದಂದಿನಿಂದ 'ಮದಿಮಾಳ್' — ತುಳುವಿನಲ್ಲಿ ಮದುಮಗಳು. ಒಮ್ಮೆಯೂ ಕುಶಲಾ ಎಂದಿಲ್ಲ. ಇಷ್ಟವಿಲ್ಲವೇನೋ...

11 ಜನವರಿ

ವಂಶವೃಕ್ಷ ಟೈಪ್ ಮಾಡಿದೆ. ಕೌಂಟನ ನಾಲ್ಕೂ ಮಕ್ಕಳಿಗೆ ಹೆಸರುಂಟು. ಕುದುರೆಗೂ! ಹೆಂಡತಿಗೆ? ಹಳೆಯ ಪತ್ರಗಳಲ್ಲೆಲ್ಲ 'ಕೌಂಟನ ಪತ್ನಿ', ಅಷ್ಟೇ. ಅಳುವೇ ಬಂತು, ನಾನೊಂದು ಸಿಲ್ಲಿ. ಅವಳಿಗೆ ಒಂದು ಖಾಲಿ ಚೌಕ ಬಿಟ್ಟೆ.

14 ಜನವರಿ, ಭಾನುವಾರ

ಊಟಕ್ಕೆ ಕುಳಿತಾಗ ಆ ಖಾಲಿ ಚೌಕದ ಕಥೆ ಅತ್ತೆಗೆ ಹೇಳಿದೆ.

"ಹೆಂಗಸರ ಹೆಸರಿಲ್ಲದೆ ಎಂಥ ಕುಟುಂಬ ಮಾರಾಯ್ತಿ ಅದು! ನಮ್ಮಲ್ಲಿ ನೋಡು, ದುಗ್ಗಕ್ಕ, ಅವಳ ಮಗಳು ಪೊನ್ನಕ್ಕ, ಪೊನ್ನಕ್ಕನ ಮಗಳು ಅಕ್ಕಮ್ಮ..." ಒಂದೇ ಉಸಿರಿನಲ್ಲಿ ಏಳು ತಲೆಮಾರು! ಅಳಿಯಸಂತಾನದ ಮನೆಯಲ್ಲವೇ, ವಂಶ ನಡೆಯುವುದೇ ತಾಯಿಯಿಂದ ಮಗಳಿಗೆ.

"ಅವರ ಗಂಡಂದಿರು, ಅತ್ತೆ?"

"ಗಂಡಂದಿರಾ? ಯಾರಿಗೆ ನೆನಪುಂಟು! ಒಬ್ಬ ಎರ್ಮಾಳಿನವನು. ಇನ್ನೊಬ್ಬನಿಗೆ ಗೊರಕೆ ಜೋರಂತೆ."

ಇವರಿಗೆ ಗಂಜಿ ನೆತ್ತಿಗೇರಿತು. "ಹಾಗಾದರೆ ಇವಳ ಮನೆಯ ಪಟ್ಟಿಯಲ್ಲಿ ನಾನೂ ಖಾಲಿ ಚೌಕವೇ!"

ನಗುವಿನ ಭರದಲ್ಲಿ ನನ್ನ ಬಾಯಿ ಜಾರಿತು. "ನೀವೂ ನನ್ನನ್ನು ಬರೀ ಮದಿಮಾಳ್ ಅಂತ ಕರೆಯುವುದಲ್ವಾ ಅತ್ತೆ? ಕೌಂಟನ ಪತ್ನಿಯ ಹಾಗೆ."

ಅತ್ತೆ ಎದ್ದು ಒಳಗೆ ಹೋದರು. ಅಯ್ಯೋ, ಏನು ಮಾಡಿದೆ!

18 ಜನವರಿ

ನಾಲ್ಕು ದಿನದಿಂದ 'ಮದಿಮಾಳ್' ಕೂಡ ಇಲ್ಲ. ಬರೀ 'ಓಯ್'.

ಸಂಜೆ ಬೇಲಿಯಾಚೆಯಿಂದ ಪಕ್ಕದ ಮನೆಯ ಲೊರ್ನಾ ಬಾಯಿ ಕರೆದು ಕೇಳಿದರು: "ನಿನ್ನ ಅತ್ತೆಗೆ ಎಂತ ಆಗಿದೆ? ಬಾವಿಕಟ್ಟೆಯಲ್ಲಿ ಒಬ್ಬರೇ ನಿಂತು ಕುಸಲ, ಕುಸ್ಸಲ, ಕುಚಲ... ಜಪ ಮಾಡುವುದು!"

ಓ! 'ಶ' ನಾಲಿಗೆಗೆ ಬರುವುದಿಲ್ಲ! ಇಂಗ್ಲಿಷ್ ಕಲಿತ ಸೊಸೆ ನಗುತ್ತಾಳೆಂದು... ನನ್ನ ಚಿನ್ನದ ಅತ್ತೆ!

21 ಜನವರಿ, ಭಾನುವಾರ. ಬೆಳಿಗ್ಗೆ 9

ನಿನ್ನೆ ಲೆಕ್ಚರ್ ಸೂಪರ್! ಪ್ರಶ್ನೆಗಳೆಲ್ಲ ಆ ಖಾಲಿ ಚೌಕದ ಬಗ್ಗೆಯೇ ಅಂತೆ. ಇವರು ನನಗೆ ಉಡುಪಿಯಿಂದ ಮಲ್ಲಿಗೆ ಚೆಂಡು ತಂದು —

ಅಂಗಳದಲ್ಲಿ ಅತ್ತೆಯ ಸ್ವರ. "ಕು... ಕುಸ... ಕುಸಲಾ! ಮೀನು ಬಂತು, ಬಾ ಬೇಗ!"

ಕುಸಲಾ. ಇನ್ನು ಮೇಲೆ ನನ್ನ ಸ್ಪೆಲ್ಲಿಂಗ್ ಇದೇ. ಬಂದೆ ಅತ್—