ಎದೆಮಟ್ಟಕ್ಕೆ ಬಾರದ ಗಿಡಗಳ ಪರವಾಗಿ

ಉದ್ಯಾನ ಇಲಾಖೆಯ ಮಾನ್ಯ ಮುಖ್ಯಾಧಿಕಾರಿಗಳೇ,

ಮೊದಲಿಗೆ ತಪ್ಪೊಪ್ಪಿಗೆ. ಕಳೆದ ತಿಂಗಳ ಎರಡನೇ ಭಾನುವಾರ, ಮಟಮಟ ಮಧ್ಯಾಹ್ನ, ಸ್ವಸ್ಥಚಿತ್ತನಾಗಿ, ಯಾರ ಒತ್ತಾಯವೂ ಇಲ್ಲದೆ ನಾನು ನಿಮ್ಮ ಇಲಾಖೆಯ ಕೈಬರಹವನ್ನು ನಕಲು ಮಾಡಿದ್ದೇನೆ. ನಮ್ಮ ಬೀದಿಯ ಹಿಂದಿನ ಕಲ್ಲುಗುಡ್ಡದಲ್ಲಿ ನಲವತ್ತೊಂದು ಕವಳೆ ಪೊದೆಗಳ ಬುಡದ ಬಂಡೆಗಳ ಮೇಲೆ ಬಿಳಿ ಬಣ್ಣದಲ್ಲಿ ಒಂದರಿಂದ ನಲವತ್ತೊಂದರವರೆಗೆ ಸರ್ಕಾರಿ ಸಂಖ್ಯೆ ಬರೆದವನು ನಾನೇ. ನನ್ನ ಏಳು ನಿಮ್ಮವರ ಏಳಿಗಿಂತ ದುಂಡಗೆ ಬಂದಿದೆ. ಅದಕ್ಕೆ ಬೇರೆ ದಂಡವಿದ್ದರೆ ಅದನ್ನೂ ವಿಧಿಸಿ. ಹೆದರುವವರ ಪೈಕಿ ನಾನಲ್ಲ.

ಯಾಕೆ ಬರೆದೆ? ಆ ಗುಡ್ಡವನ್ನು ನುಣ್ಣಗೆ ಬೋಳಿಸಿ ನೀವು ‘ಹಸಿರು ಉದ್ಯಾನ’ ಮಾಡಲು ಹೊರಟಿದ್ದೀರಿ. ಹಸಿರು ನೆಡಲು ಹಸಿರು ಕೀಳುವ ಈ ಘನಕಾರ್ಯದ ವರದಿಯಲ್ಲಿ ನಮ್ಮ ಗುಡ್ಡದ ಹೆಸರು ‘ಸಸ್ಯರಹಿತ ಬಂಡೆ ಪ್ರದೇಶ’. ಸರ್ವೇಯವರು ಸುಳ್ಳು ಹೇಳಿಲ್ಲ, ಪಾಪ. ನಿಮ್ಮ ನಿಯಮದ ಪ್ರಕಾರ ಎದೆಮಟ್ಟದಲ್ಲಿ ಟೇಪು ಸುತ್ತಿ ಅಳೆಯಬಹುದಾದದ್ದು ಮಾತ್ರ ಲೆಕ್ಕಕ್ಕೆ. ಬಂಡೆಯ ಬಿರುಕಿನಲ್ಲಿ ಬೆಳೆದ ಕವಳೆ ನನ್ನ ಸೊಂಟಕ್ಕೂ ಬರುವುದಿಲ್ಲ. ಅಂದಮೇಲೆ ಅದು ಹುಟ್ಟಿಯೇ ಇಲ್ಲ! ಗಿಡವಾಗಿ ಬಗ್ಗದ್ದು ಮರವಾಗಿ ಬಗ್ಗೀತೇ ಎಂದರು ಹಿರಿಯರು. ನಿಮ್ಮಲ್ಲಿ ಗಿಡದ ಬಗ್ಗೆ ಬರೆಯುವವರಿದ್ದಾರೆ, ಗಿಡಕ್ಕಾಗಿ ಬಗ್ಗುವವರಿಲ್ಲ.

ಇದನ್ನು ವಿನಂತಿಸಿಕೊಳ್ಳಲು ನಿಮ್ಮ ಕಚೇರಿಗೂ ಬಂದಿದ್ದೆ. ಮೂರನೇ ಮೇಜಿನ ಗುಮಾಸ್ತರು ಸಜ್ಜನರು, ಕುರ್ಚಿ ಕೊಟ್ಟರು.

“ಮರ ಇದ್ರೆ ಹೇಳಿ ಸಾರ್. ಪೊದೆಗೆ ಕಾಲಂ ಇಲ್ಲ.”

“ಹೂ ಬಿಡುತ್ತೆ ಕಣ್ರೀ. ಮಲ್ಲಿಗೆ ಥರ ಘಮ ಘಮ ಅನ್ನುತ್ತೆ.”

“ಹೂವಿಗೂ ಇಲ್ಲ ಸಾರ್. ಘಮಕ್ಕಂತೂ ಮೊದಲೇ ಇಲ್ಲ.”

ನನಗಾದರೆ ಇದು ಬರೀ ಘಮ. ನನ್ನ ಅಕ್ಕನಿಗೆ ಇದು ಹೊಟ್ಟೆಪಾಡು. ಗುಡ್ಡದ ಬುಡದಲ್ಲಿ ಅವಳು ಇಪ್ಪತ್ತು ವರ್ಷಗಳಿಂದ ಜೇನು ಸಾಕುತ್ತಿದ್ದಾಳೆ. ಏಳು ಪೆಟ್ಟಿಗೆಗಳಿವೆ, ಬೇರೆ ಆಸರೆಯಿಲ್ಲ. ಬೇಸಗೆಯ ಎರಡು ತಿಂಗಳು ಸುತ್ತಲಿನ ದೊಡ್ಡ ದೊಡ್ಡ ಮರಗಳೆಲ್ಲ ಬರಿಗೈ ಅಲ್ಲಾಡಿಸುವಾಗ, ಮುಳ್ಳಿನ ನಡುವೆ ಬಿಳಿ ಹೂ ಬಿಟ್ಟು ಆ ಹುಳಗಳನ್ನು ಸಾಕುವುದು ಈ ಕವಳೆ ಒಂದೇ. ಮೇವಿಲ್ಲದಿದ್ದರೆ ಜೇನುಹುಳ ಅರ್ಜಿ ಹಾಕುವುದಿಲ್ಲ, ಬಹಿರಂಗ ಪತ್ರವನ್ನೂ ಬರೆಯುವುದಿಲ್ಲ. ಗೂಡು ಬಿಟ್ಟು ಹೊರಟುಬಿಡುತ್ತದೆ.

ಸಂಖ್ಯೆಯ ಉಪಾಯ ಹೊಳೆದದ್ದು ಆಗ. ನಮ್ಮ ಮನೆ ಮುಂದಿನ ಮರ ಹದಿನೆಂಟು ವರ್ಷಗಳಿಂದ ನಿಮ್ಮವರು ಬರೆದ ನೂರಹನ್ನೆರಡನ್ನು ಹೊತ್ತು ನೆಮ್ಮದಿಯಾಗಿದೆ. ಗಣತಿಯಾದರೆ ಗತಿಯುಂಟು ಎಂದುಕೊಂಡೆ. ಕುಂಚ ಹಿಡಿದು ಕುಕ್ಕರಗಾಲಲ್ಲಿ ಕೂತಿದ್ದವನನ್ನು ಅಕ್ಕ ಕಂಡಳು.

“ಏನೋ ಇದು? ಕಾಲೇಜಿಂದ ರಿಟೈರ್ ಆಗಿ ನಾಲ್ಕು ವರ್ಷ ಆಯ್ತು, ಈಗ ಪೊದೆಗಳಿಗೆ ರೋಲ್ ನಂಬರ್ ಕೊಡ್ತಿದ್ದೀಯ?”

“ಹಾಜರಿ ಪುಸ್ತಕದಲ್ಲಿ ಹೆಸರಿದ್ರೆ ಯಾರೂ ಹೊರಗೆ ಹಾಕಲ್ಲ ಅಕ್ಕ.”

“ನಿನ್ನ ಜಾಣತನಕ್ಕೆ ಬೆಂಕಿ ಹಾಕ. ಇವು ಹೋದ್ರೆ ನನ್ನ ಹುಳಗಳಿಗೆ ನಿನ್ನ ಭಾಷಣ ಉಣಿಸ್ತೀಯಾ?” ಎಂದವಳೇ, ಬಣ್ಣದ ಡಬ್ಬಿ ಹಿಡಿದು ಕೊನೆಯ ಪೊದೆಯವರೆಗೂ ನನ್ನ ಜೊತೆ ಬಂದಳು.

ಮೊನ್ನೆ ಗುರುವಾರ ನಿಮ್ಮ ಯಂತ್ರ ಬಂತು. ಇಡೀ ಬೀದಿ ಕಿಟಕಿಯಿಂದ ನೋಡುತ್ತಿತ್ತು. ಅದರ ಎದುರು ಹೋಗಿ ನಿಂತ ಏಕೈಕ ನಾಗರಿಕ ನಾನು. ಯಂತ್ರ ನಿಂತಿತು ಕೂಡ, ಪೂರಾ ಐದು ನಿಮಿಷ! ಆದರೂ ಸಂಜೆಯ ಹೊತ್ತಿಗೆ ಈಚೆಯ ಇಳಿಜಾರು ಅಂಗೈಯಂತೆ ಬೋಳಾಗಿತ್ತು. ಶನಿವಾರದ ಹೊತ್ತಿಗೆ ಅಕ್ಕನ ಮೂರು ಪೆಟ್ಟಿಗೆಗಳು ಖಾಲಿ. ಬೋಳಾದ ಜಾಗದಲ್ಲಿ ಮೊದಲು ನೆಟ್ಟದ್ದು ‘ಹಸಿರೇ ಉಸಿರು’ ಎಂಬ ತಗಡಿನ ಫಲಕ. ಸದ್ಯ ಅದೊಂದೇ ನೀರಿಲ್ಲದೆ ಬದುಕಿದೆ.

ಆಚೆಯ ಇಳಿಜಾರಿನಲ್ಲಿ ಇನ್ನೂ ಅರವತ್ತು ಪೊದೆಗಳಿವೆ. ಸೋಮವಾರ ಅವುಗಳ ಸರದಿ. ನನ್ನ ಬೇಡಿಕೆ ಇಷ್ಟೇ: ಅದಕ್ಕೆ ಮುಂಚೆ ನೀವೇ ಒಮ್ಮೆ ಬನ್ನಿ, ಬಗ್ಗಿ ನೋಡಿ, ಅವು ಇವೆ ಎಂದು ಒಂದು ಸಾಲು ಬರೆದು ಕೆಲಸ ನಿಲ್ಲಿಸಿ. ನೀವು ಬರುವುದಿಲ್ಲ ಎಂದು ನನಗೆ ಗೊತ್ತು. ಈ ಪತ್ರ ನಿಮ್ಮ ಮೇಜಿಗೆ ಬರುವಷ್ಟರಲ್ಲಿ ಸೋಮವಾರವೂ ಕಳೆದಿರುತ್ತದೆ.

ಸಹಿಗೆ ಮುನ್ನ ಆ ಐದು ನಿಮಿಷದ ವಿಚಾರ. ಯಂತ್ರ ನಿಂತದ್ದು ನನ್ನನ್ನು ಕಂಡಲ್ಲ, ಬಂಡೆಯ ಮೇಲಿನ ಸಂಖ್ಯೆ ಕಂಡು. ಡ್ರೈವರ್ ಕೆಳಗಿಳಿದು ನನ್ನ ಬಳಿಗೇ ಬಂದ. ಪಕ್ಕದಲ್ಲಿ ನಿಮ್ಮ ಮೇಲ್ವಿಚಾರಕರು ಹೆಸರು ಬರೆದುಕೊಳ್ಳಲು ಪುಸ್ತಕ ಬಿಚ್ಚಿಕೊಂಡು ನಿಂತಿದ್ದರು.

“ಸಾರ್, ನಂಬರ್ ಹಾಕಿದಾರಲ್ಲ, ಇವು ಉಳಿಸೋಕಾ, ತೆಗಿಯೋಕಾ? ಯಾರು ಬರೆದಿದ್ದು ಗೊತ್ತಾ? ಉಳಿಸೋಕೆ ಅಂದ್ರೆ ನಾನು ಮುಟ್ಟಲ್ಲ.”

ನಾನು ಮೇಲ್ವಿಚಾರಕರ ಪುಸ್ತಕ ನೋಡಿದೆ. ನನ್ನ ಪಿಂಚಣಿ ನೆನಪಾಯಿತು.

“ನನಗೇನಪ್ಪ ಗೊತ್ತು? ಇಲಾಖೆಯವರೇ ಹಾಕಿರಬೇಕು” ಎಂದೆ.

“ಹಾಗಾದ್ರೆ ತೆಗಿಯೋಕೇ ಬಿಡಿ. ಅವರು ಉಳಿಸೋಕೆ ಅಂತ ಯಾವತ್ತು ಗುರುತು ಹಾಕಿದಾರೆ?” ಎಂದು ಹತ್ತಿ ಕೂತು, ಒಂದರಿಂದ ಶುರುಮಾಡಿದ. ನಾನು ದಾರಿ ಬಿಟ್ಟು ನಿಂತೆ.

ಅಕ್ಕ ಇಡೀ ಬೀದಿಗೆ “ನನ್ನ ತಮ್ಮ ಎದುರು ನಿಂತ” ಎಂದು ಹೇಳಿಕೊಂಡು ತಿರುಗುತ್ತಿದ್ದಾಳೆ. ಈ ಬಹಿರಂಗ ಪತ್ರ ಅಚ್ಚಾಗುವ ಪತ್ರಿಕೆಯೇ ಅವಳ ಮನೆಗೂ ಬರುತ್ತದೆ. ಅವಳ ಮುಖ ನೋಡಿ ಹೇಳಲಾರದೆ ನಿಮಗೆ ಬರೆದಿದ್ದೇನೆ.

ಇಂತಿ,
ಕಾಗದದ ಮೇಲಷ್ಟೇ ಎದೆಗಾರಿಕೆಯಿರುವ
ಒಬ್ಬ ನಿವೃತ್ತ ಅಧ್ಯಾಪಕ