ಉಲ್ಟಾ ಟೇಪು

ಫೆಬ್ರವರಿ 4, ಬೆಳಿಗ್ಗೆ 9.30

ಏಳರ ಬುಲೆಟಿನ್ ಓದಿ ಬಂದೆ. ಸುದ್ದಿಯ ಸಾಲು ತೋರಿಸುವ ಪ್ರಾಂಪ್ಟರ್ ಮತ್ತೆ ಕೈಕೊಟ್ಟಿತು. ಹವಾಮಾನವನ್ನು ಅಂದಾಜಿನ ಮೇಲೆ ಓದಿದೆ. ಭಾಗಶಃ ಮೋಡ ಅಂದರೆ ಎಂದೂ ಮೋಸವಿಲ್ಲ.

ಮೇಕಪ್ ಒರೆಸದೆ ಮನೆಗೆ ಬಂದರೆ ಇವರು ಒಂದು ಹುಬ್ಬು ಏರಿಸುತ್ತಾರೆ. ಇವತ್ತು ಲೈಟಿಂಗ್ ಕೆಟ್ಟದಾಗಿತ್ತು ಅಂತ ಅರ್ಥ. ಮೂವತ್ತು ವರ್ಷ ನಮ್ಮ ಚಾನೆಲ್ಲಿಗೇ ಕ್ಯಾಮೆರಾ ಹೊತ್ತ ಮನುಷ್ಯ. ಮಾತು ಹೋದರೂ ತಪ್ಪು ಹುಡುಕುವ ಕಣ್ಣು ಹೋಗಿಲ್ಲ.

ಸ್ಟ್ರೋಕ್ ಆದಮೇಲೆ ಇವರ ಬಾಯಲ್ಲಿ ಉಳಿದಿರುವುದು ಒಂದೇ ಪದ — ನಾಳೆ. ನೀರು ಬೇಕಾದರೂ ನಾಳೆ. ಫ್ಯಾನ್ ಹಾಕು ಅನ್ನುವುದಕ್ಕೂ ನಾಳೆ. ನಲ್ಲಿ ಸೋರುತ್ತಿದೆ ಅಂದರೆ ನಾಳೆ, ಬಾಗಿಲು ಕಿರುಗುಟ್ಟುತ್ತಿದೆ ಅಂದರೆ ನಾಳೆ ಅಂತ ಜೀವಮಾನವಿಡೀ ಸತಾಯಿಸಿದವರು. ದೇವರು ಹುಡುಕಿ ಹುಡುಕಿ ಅದನ್ನೇ ಉಳಿಸಿದ್ದಾನಲ್ಲ! ನಗು ಬರುತ್ತದೆ. ಆಮೇಲೆ ಅದೇ ನಲ್ಲಿ ಜೋರಾಗಿ ಬಿಟ್ಟುಕೊಂಡು ಅಳುತ್ತೇನೆ.

ಫೆಬ್ರವರಿ 7, ಸಂಜೆ

ಸ್ಪೀಚ್ ಥೆರಪಿಯ ಹುಡುಗಿ ಬಂದಿದ್ದಳು. ಒಂದು ಗಂಟೆ ಕನ್ನಡಿ ಹಿಡಿದು ಆ ಈ ಊ ಹೇಳಿಸಿದಳು. ಹೋಗುವಾಗ ಬಾಗಿಲಲ್ಲಿ ನಿಂತು ಕೇಳಿದಳು.

“ಅಂಕಲ್ ಹಳೇ ವಾಯ್ಸ್ ಏನಾದ್ರೂ ರೆಕಾರ್ಡಿಂಗ್ ಇದ್ಯಾ ಆಂಟಿ? ತಮ್ಮ ದನಿ ತಾವೇ ಕೇಳಿದ್ರೆ ಕೆಲವರಿಗೆ ಒಳಗಿಂದ ಏನೋ ಎದ್ದು ಬರತ್ತೆ. ಗ್ಯಾರಂಟಿ ಅಲ್ಲ. ಟ್ರೈ ಮಾಡಬಹುದು.”

“ಇರದೆ ಏನಮ್ಮ! ಟಿವಿಯವರ ಮನೆ ಇದು,” ಅಂದೆ. ಜಂಬ ನೋಡು ನನ್ನದು.

ಮಗಳಿಗೆ ಫೋನ್ ಮಾಡಿದೆ. ಅವಳೂ ಹುಡುಕಿದಳು, ನಾನೂ ಹುಡುಕಿದೆ. ಒಂದೂ ಇಲ್ಲ. ಮೊಬೈಲಿನಲ್ಲಿ ಹೆಬ್ಬೆರಳಿನ ಚಿತ್ರ ಬಿಟ್ಟು ಬೇರೇನೂ ಕಳಿಸಿದವರಲ್ಲ. ಮಗಳ ಮೊದಲ ಹೆಜ್ಜೆ, ಶಾಲೆಯ ನಾಟಕ, ಮದುವೆ — ಎಲ್ಲ ಇವರೇ ತೆಗೆದದ್ದು. ಎಲ್ಲದರಲ್ಲೂ ಎಲ್ಲರ ದನಿ ಇದೆ. ಇವರದಿಲ್ಲ. ಕ್ಯಾಮೆರಾ ಓಡುವಾಗ ಹಿಂದೆ ನಿಂತವನು ಉಸಿರಾಡಿದ್ದೂ ಕೇಳಬಾರದು, ಅದು ಇವರ ವೃತ್ತಿಯ ಶಿಸ್ತು. ಮಗಳು ಮದುವೆಯ ವಿಡಿಯೋದಲ್ಲಿ “ಅಪ್ಪಾ, ನೀವೂ ಏನಾದ್ರೂ ಹೇಳಿ” ಅಂತ ಅಳುತ್ತಿದ್ದಾಳೆ. ಫ್ರೇಮು ಮೇಲೆ ಕೆಳಗೆ ಆಡುತ್ತದೆ. ತಲೆಯಾಡಿಸುವ ಬದಲು ಕ್ಯಾಮೆರಾ ಆಡಿಸಿದ್ದಾರೆ ಮಹಾನುಭಾವರು!

ಮೈಯೆಲ್ಲ ಉರಿಯಿತು. ನನ್ನ ದನಿ ಬೇಕಾ? ಬೇಕಾದಷ್ಟಿದೆ. ಬೇಡವೆಂದರೂ ಇದೆ.

ಫೆಬ್ರವರಿ 10, ಮಧ್ಯಾಹ್ನ

ಆಫೀಸು ಹೊಸ ಕಟ್ಟಡಕ್ಕೆ ಹೋಗುತ್ತಿದೆ. ನಾನು ಹೋಗುವುದಿಲ್ಲ. ತಿಂಗಳ ಕೊನೆಗೆ ನಿವೃತ್ತಿ. ಟೇಪ್ ರೂಮೂ ಹೋಗುವುದಿಲ್ಲ. ಪ್ರಸಾರವಾದ ಸುದ್ದಿಗಳನ್ನಷ್ಟೇ ಕಂಪ್ಯೂಟರಿಗೆ ಇಳಿಸಿಕೊಂಡಿದ್ದಾರೆ. ರಶಸ್ — ಅಂದರೆ ಕತ್ತರಿಸುವ ಮೊದಲಿನ ಹಸಿ ಟೇಪುಗಳು — ಎಲ್ಲ ಗುಜರಿಗೆ. ಈ ತಿಂಗಳೇ ಲಾರಿ ಬರುತ್ತದಂತೆ.

ಮುಖ್ಯಸ್ಥ ಮೀಟಿಂಗಿನಲ್ಲಿ ಹೇಳಿದ್ದು ಇದು. ಇವನಿಗೆ ನಾವಿಟ್ಟ ಹೆಸರು ಬ್ರೇಕಿಂಗ್. ಕ್ಯಾಂಟೀನಿನಲ್ಲಿ ಹಾಲು ಒಡೆದರೂ ಬ್ರೇಕಿಂಗ್ ಹಾಕು ಅನ್ನುವ ಪೈಕಿ.

ನಾನು ರಿಪೋರ್ಟರ್ ಆಗಿದ್ದಾಗ ಇವರು ತೆಗೆದ ರಶಸ್‌ನಲ್ಲಿ ಇವರ ದನಿ ಇರಲೇಬೇಕು. ಒಂದಾದರೂ.

ಫೆಬ್ರವರಿ 13, ಸಂಜೆ 6

ಮೂರು ದಿನದಿಂದ ಬುಲೆಟಿನ್ ಮುಗಿದ ಕೂಡಲೇ ಟೇಪ್ ರೂಮು. ಅಲ್ಲಿ ಕೂರುವ ಲೈಬ್ರರಿ ಅಕ್ಕ ನನಗಿಂತ ಹಳಬಳು. ಒಂದು ಹಳೆಯ ಪ್ಲೇಯರ್ ಒರೆಸಿ ಕೊಟ್ಟು, “ನೋಡು, ಧೂಳು ಕುಡಿದು ಕೆಮ್ಮೋದಾದ್ರೆ ಹೊರಗೆ ಹೋಗಿ ಕೆಮ್ಮು,” ಅಂದಳು.

ಅಯ್ಯೋ, ಎಷ್ಟು ಸಣ್ಣಗಿದ್ದೆ ನಾನು! ಪ್ರತಿ ಟೇಪೂ ಒಂದೇ ರೀತಿ ಶುರು. ಬರೀ ಬಿಳುಪು. ಬಣ್ಣ ಹೊಂದಿಸಲು ಕ್ಯಾಮೆರಾದ ಮುಂದೆ ನಾನು ಹಿಡಿದ ಬಿಳಿ ಹಾಳೆ. ಆಮೇಲೆ ಹಾಳೆ ಕೆಳಗಿಳಿಯುತ್ತದೆ, ಅದರ ಹಿಂದಿನಿಂದ ನನ್ನ ಮುಖ. ನೆರೆ ನೀರಿನಲ್ಲಿ ಪ್ಯಾಂಟು ಮಡಿಚಿಕೊಂಡ ನಾನು. ಕಾರ್ಖಾನೆ ಗೇಟಿನಲ್ಲಿ ನೂಕುನುಗ್ಗಲಿನ ನಡುವೆ ನಾನು. ಮತ ಎಣಿಕೆಯ ದಿನ ಗೆದ್ದವನ ಹೆಸರು ಮರೆತು ತೊದಲುವ ನಾನು. ಆ ದಿನಗಳಲ್ಲಿ ಹಸಿವು, ನಿದ್ದೆ ಒಂದೂ ಇರಲಿಲ್ಲ. ಜೀಪಿನ ಹಿಂದಿನ ಸೀಟಿನಲ್ಲಿ ಟ್ರೈಪಾಡ್ ಮೇಲೆ ಕಾಲು ಹಾಕಿಕೊಂಡು ಹಾಡು ಹೇಳುತ್ತಾ ಬರುತ್ತಿದ್ದೆವು. ಅಷ್ಟು ಖುಷಿ ಆಮೇಲೆ ಈ ಏಸಿ ಸ್ಟುಡಿಯೋದಲ್ಲಿ ಒಂದು ದಿನವೂ ಸಿಗಲಿಲ್ಲ.

ಪ್ರತಿ ಟೇಪಿನಲ್ಲೂ ಕ್ಯಾಮೆರಾ ನೋಡಿ ಕೇಳುತ್ತೇನೆ — “ಸರಿ ಇದ್ಯಾ?” ಆ ಕಡೆಯಿಂದ ಚಕಾರವಿಲ್ಲ. ನಾನು ನಗುತ್ತೇನೆ. ಹೆಬ್ಬೆರಳು ತೋರಿಸಿರಬೇಕು. ಮಾತಾಡ್ರೀ ಒಂದ್ಸಲ, ಅಂತ ಇವತ್ತು ಟಿವಿಗೆ ಕೂಗಿಬಿಟ್ಟೆ. ಲೈಬ್ರರಿ ಅಕ್ಕ ತಲೆ ಎತ್ತಲಿಲ್ಲ. ಪಾಪ, ಕೇಳಿಸದ ಹಾಗೆ ಇದ್ದಳು.

ಫೆಬ್ರವರಿ 14, ಬೆಳಿಗ್ಗೆ

ಮೇಕಪ್ ಕುರ್ಚಿಯಲ್ಲಿ ಕೂತಿದ್ದಾಗ ಥಟ್ಟನೆ ನೆನಪಾಯಿತು. ಉಲ್ಟಾ ಟೇಪು!

ಆ ಕ್ಯಾಮೆರಾಗಳಿಗೆ ಒಂದೇ ಬಟನ್. ಒತ್ತಿದರೆ ಶುರು, ಮತ್ತೆ ಒತ್ತಿದರೆ ಸ್ಟಾಪ್. ಮೊದಲ ಸಲ ಗೊತ್ತಿಲ್ಲದೆ ಎರಡು ಸಲ ಒತ್ತಿಹೋಯಿತೋ, ಮುಗಿಯಿತು ಕಥೆ. ಶುರು ಅಂದುಕೊಂಡಾಗ ನಿಂತಿರುತ್ತದೆ, ನಿಲ್ಲಿಸಿದೆ ಅಂದುಕೊಂಡಾಗ ಓಡುತ್ತಿರುತ್ತದೆ. ಓಡುತ್ತಿದೆ ಅಂತ ತೋರಿಸುವ ವ್ಯೂಫೈಂಡರಿನ ಕೆಂಪು ದೀಪ ಬೇರೆ ಆವತ್ತು ಕೆಟ್ಟಿತ್ತು.

ಆವತ್ತು ಅಂದರೆ ಹಾಡುಗಾರ್ತಿ ಅಜ್ಜಿಯ ಸಂದರ್ಶನದ ದಿನ. ಹಾಡು ಬಿಟ್ಟು, ಮನೆ ಬಾಗಿಲು ಹಾಕಿಕೊಂಡು, ಯಾವ ಪತ್ರಿಕೆಗೂ ಮಾತಾಡದಿದ್ದವರು. ನಾನು ಅಲೆದಲೆದು ಒಪ್ಪಿಸಿದ್ದೆ. ಏನು ಮಾತಾಡಿದರು ಆವತ್ತು! ಆಫೀಸಿಗೆ ಬಂದು ಟೇಪು ಹಾಕಿದರೆ ಬರೀ ನೆಲ, ಇವರ ಬೂಟು, ಟ್ರೈಪಾಡಿನ ಕಾಲು. ಎಡಿಟರ್ ಒಂದೇ ನಿಮಿಷಕ್ಕೆ ಟೇಪು ಹೊರಗೆಳೆದು ಎಸೆದ. ಮುಂದೆ ಯಾರೂ ನೋಡಲೇ ಇಲ್ಲ. ಅಜ್ಜಿ ಮತ್ತೆ ಬಾಗಿಲು ತೆಗೆಯಲಿಲ್ಲ. ಇವರಿಗೆ ಸ್ಟೋರ್ ರೂಮಿನ ಡ್ಯೂಟಿ ಬಿತ್ತು. ಆಫೀಸೆಲ್ಲ ಇವರನ್ನು ಬೂಟ್ ಸಾಹೇಬ ಅಂತ ಕರೆಯಿತು. ಆಗಿನ್ನೂ ಮದುವೆಯಾಗಿರಲಿಲ್ಲ. ನಾನಂತೂ ಎಷ್ಟೋ ದಿನ ಮುಖ ಕೊಟ್ಟು ಮಾತಾಡಲಿಲ್ಲ.

ಕ್ಯಾಮೆರಾ ಓಡುವಾಗ ಬಾಯಿ ಬಿಡದ ಮನುಷ್ಯ. ಓಡುತ್ತಿಲ್ಲ ಅಂದುಕೊಂಡಾಗ? ಆಗ ಇವರು ವಾಚಾಳಿ!

ಆದರೆ ಹಾಳಾದ ಟೇಪುಗಳ ಮೇಲೆ ಬೇರೇನಾದರೂ ಶೂಟ್ ಮಾಡಿ ಅಳಿಸುವುದು ನಮ್ಮಲ್ಲಿ ರೂಢಿ. ಇದ್ದೀತೇ?

ಫೆಬ್ರವರಿ 20, ಮಧ್ಯಾಹ್ನ 3

ಸಿಕ್ಕಿತು!!

ಕೊನೆಯ ಕಪಾಟು, ಕೆಳಗಿನ ಸಾಲು, ಗೋಡೆಗೆ ಒತ್ತಿಕೊಂಡು ಕೂತಿತ್ತು. ಮೇಲೆ ಕೆಂಪು ಸ್ಕೆಚ್ ಪೆನ್ನಿನಲ್ಲಿ ನನ್ನದೇ ಅಕ್ಷರ — ಉಪಯೋಗವಿಲ್ಲ. ಸಿಟ್ಟಿಗೆ ಬರೆದದ್ದು. ಟೇಪೇ ಕೆಟ್ಟಿದೆ ಅಂದುಕೊಂಡು ಯಾರೂ ಇದರ ಮೇಲೆ ಶೂಟ್ ಮಾಡಿಲ್ಲ. ಲೈಬ್ರರಿ ಅಕ್ಕ ಹೊಟ್ಟೆ ಹಿಡಿದುಕೊಂಡು ನಕ್ಕಳು. “ನಿನ್ನ ಸಿಟ್ಟಿಗೆ ಒಂದು ನಮಸ್ಕಾರ ಕಣೇ!”

ಮನೆಗೆ ಒಯ್ಯಲು ಅನುಮತಿ ಬೇಕಲ್ಲ. ಬ್ರೇಕಿಂಗ್ ಹತ್ತಿರ ಹೋಗಿ ಎಲ್ಲ ಹೇಳಿದೆ. ಅವನ ಕಣ್ಣು ಅರಳಿತು.

“ಮೇಡಂ, ಇದು ಸ್ಟೋರಿ! ಮಾತು ಕಳ್ಕೊಂಡ ಕ್ಯಾಮೆರಾಮನ್, ತನ್ನದೇ ದನಿ ಮೊದಲ ಸಲ ಕೇಳ್ತಾರೆ... ಒಂದು ಯೂನಿಟ್ ಕಳಿಸ್ತೀನಿ. ನಿಮ್ಮ ಕೊನೇ ವಾರ ಬೇರೆ. ಎಂಥ ಬೀಳ್ಕೊಡುಗೆ!”

ಅವನದೇನು ತಪ್ಪು? ನಾನೂ ಎಷ್ಟು ಮನೆಗಳಿಗೆ ಹೀಗೇ ಮೈಕು ಹಿಡಿದು ಹೋಗಿಲ್ಲ? ಆದರೆ ಇವರ ಸೊಟ್ಟಗಾದ ಬಾಯಿ ಕ್ಲೋಸಪ್ಪಿನಲ್ಲಿ ಊರಿಗೆಲ್ಲ... ಇಲ್ಲ.

“ಬೇಡಪ್ಪ. ಹಾಗಿದ್ರೆ ಟೇಪೇ ಬೇಡ.”

ಹೇಳಿ ಎದ್ದೆ. ಬೇಡ ಅಂದುಬಿಟ್ಟೆನಲ್ಲ, ಬುದ್ಧಿ ಇದೆಯೇ ನನಗೆ?

ಬಾಗಿಲ ತನಕ ಬಂದಿದ್ದೆ. “ಮೇಡಂ,” ಅಂದ. ಕಂಪ್ಯೂಟರ್ ನೋಡುತ್ತಲೇ ಇದ್ದ. “ಯಾವ ಟೇಪು? ನಾನು ಯಾವ ಟೇಪೂ ನೋಡಿಲ್ಲ. ನನಗೆ ಮೊದಲ ಕೆಲಸ ಕಲಿಸಿಕೊಟ್ಟಿದ್ದು ನಿಮ್ಮನೆ ಸಾರ್. ಹೋಗಿ, ಬೇಗ ಹೋಗಿ.”

ಟೇಪೂ, ಪ್ಲೇಯರೂ ಆಟೋದಲ್ಲಿ ತೊಡೆಯ ಮೇಲಿಟ್ಟುಕೊಂಡು ಬಂದೆ. ಇನ್ನು ಮುಂದೆ ಅವನನ್ನು ಆ ಹೆಸರಿನಿಂದ ಕರೆಯುವುದಿಲ್ಲ. ಕಡಿಮೆ ಕರೆಯುತ್ತೇನೆ.

ಫೆಬ್ರವರಿ 23, ಭಾನುವಾರ, ಸಂಜೆ

ಮಗಳು ಬಂದು ವೈರುಗಳನ್ನೆಲ್ಲ ಜೋಡಿಸಿದಳು. ಇವರನ್ನು ಕುರ್ಚಿಯಲ್ಲಿ ಕೂರಿಸಿ ಟೇಪು ಹಾಕಿದೆವು.

ನೆಲ. ಬೂಟು. ಅದಕ್ಕೇ ಇವರು ಕೂತಲ್ಲೇ ಮಿಸುಕಾಡಿದರು. ಬೂಟು ಗುರುತು ಸಿಕ್ಕಿತು! ಅಜ್ಜಿಯ ಕೊರಳ ಬಳಿ ಸಿಕ್ಕಿಸಿದ ಮೈಕು ಹಾಗೇ ಇತ್ತು. ಮಾತು ಸ್ಫಟಿಕದಷ್ಟು ಸ್ಪಷ್ಟ.

“ಆ ಹುಡುಗಿ ಎಲ್ಲಿ ಹೋದ್ಲಪ್ಪ?”

“ಆಫೀಸಿಗೆ ಫೋನ್ ಮಾಡೋಕೆ ಹೋಗಿದಾಳಮ್ಮ. ಫೋನ್ ಹಿಡಿದ್ರೆ ಬಿಡೋಳಲ್ಲ. ನೀವು ಕಾಲು ಚಾಚ್ಕೊಂಡು ಕೂತ್ಕೊಳ್ಳಿ.”

ಇವರ ದನಿ. ಇವರದೇ. ನನಗೆ ಮರೆತೇ ಹೋಗಿತ್ತು. ದಿನಾ ಕೇಳಿದ್ದೂ ಇಷ್ಟು ಬೇಗ ಮರೆಯುತ್ತದೆಯೇ?

“ನಿನಗೇನಾಗ್ಬೇಕು ಅವಳು?”

“ಸದ್ಯಕ್ಕೆ ರಿಪೋರ್ಟರು.”

“ಸದ್ಯಕ್ಕಾ?”

ನಗು. ಬೂಟು ಆ ಕಡೆ ಈ ಕಡೆ ಆಡಿತು.

“ಕೇಳೋಕೆ ಧೈರ್ಯ ಇಲ್ಲಮ್ಮ. ಪ್ರಶ್ನೆ ಕೇಳೋದು ಅವಳ ಕೆಲಸ. ನಾನು ಬಾಯಿ ಬಿಟ್ರೆ ಸೌಂಡ್ ಹಾಳಾಯ್ತು ಅಂತ ಬೈತಾಳೆ.”

“ಹೀಗೇ ಸುಮ್ನೆ ನೋಡ್ತಾ ಕೂತಿರ್ತೀಯಾ?”

“ನೋಡೋಕೇ ಅಲ್ವಾ ನನಗೆ ಸಂಬಳ! ಬೆಳಿಗ್ಗೆ ಬಿಳಿ ಹಾಳೆ ಕೆಳಗಿಳಿಸಿ ನನ್ನ ಕಡೆ ನೋಡ್ತಾಳಲ್ಲ, ಅಷ್ಟು ಸಾಕಮ್ಮ. ಆವತ್ತಿನ ಕೆಲಸ ಹೂವಿನ ಹಾಗೆ ಮುಗಿಯತ್ತೆ.”

“ಏ ಪೆದ್ದ, ಇವತ್ತೇ ಕೇಳಿಬಿಡು.”

“ನಾಳೆ ಕೇಳ್ತೀನಿ.”

ಮಗಳು ಕಿಸಕ್ಕೆಂದಳು. ಕುರ್ಚಿಯಲ್ಲಿದ್ದ ಇವರೂ ನಕ್ಕರು. ಸೊಟ್ಟ ಬಾಯಿಯಿಂದ, ಹೊಟ್ಟೆ ಕುಣಿಯುವಂತೆ. ಎಡಗೈಯಲ್ಲಿ ಮುಖ ಮುಚ್ಚಿಕೊಂಡರು ನಾಚಿಕೆಗೆ. ನಾಳೆಯಾಗುವಷ್ಟರಲ್ಲಿ ಇವರು ಸ್ಟೋರ್ ರೂಮಿನಲ್ಲಿದ್ದರು, ನಾನು ಮುಖ ತಿರುಗಿಸಿಕೊಂಡಿದ್ದೆ. ಕಡೆಗೆ ಮದುವೆಯ ಮಾತು ಎತ್ತಿದ್ದು ನಾನೇ. ಈ ಮನುಷ್ಯನಿಗೆ ನಾನು ಇಷ್ಟವೋ ಇಲ್ಲವೋ ಅಂತ ಆಗಿನಿಂದ ಈಗಿನವರೆಗೆ ಒಂದು ಅಳುಕು ಇತ್ತು ಒಳಗೆ. ಬಾಯಿ ಬಿಟ್ಟು ಹೇಳಿದವರೇ ಅಲ್ಲ. ಹೇಳಿದ್ದಾರೆ, ಯಾರೋ ಅಜ್ಜಿಗೆ.

ಕೊನೆಯಲ್ಲಿ ದೂರಕ್ಕೆ ನನ್ನನ್ನು ಕೂಗುತ್ತಾರೆ, ಹೆಸರು ಹಿಡಿದು. ನಾನು ಬಂದೆ ಅನ್ನುತ್ತೇನೆ. ಟಕ್. ಶುರು ಅಂದುಕೊಂಡು ಬಟನ್ ಒತ್ತಿದ್ದಾರೆ. ಟೇಪು ಅಲ್ಲಿಗೆ ನಿಲ್ಲುತ್ತದೆ.

ಇವರ ಕಡೆ ನೋಡಿದೆ. ತುಟಿ ನಡುಗಿತು. “ನಾಳೆ,” ಅಂದರು. ಅಷ್ಟೇ. ಏನೂ ಬದಲಾಗಲಿಲ್ಲ. ಏನನ್ನು ಕಾಯುತ್ತಿದ್ದೆನೋ ನಾನು, ಹುಚ್ಚಿ.

ಫೆಬ್ರವರಿ 26

ದಿನಾ ಒಂದು ಸಲ ಹಾಕು ಅಂತ ಟಿವಿ ಕಡೆ ಕೈ ತೋರಿಸುತ್ತಾರೆ. ಹಾಕುತ್ತೇನೆ. ಥೆರಪಿ ಹುಡುಗಿ ಕೊನೆಯ ಆ ಕೂಗನ್ನೇ ಹಿಂದೆ ಮುಂದೆ ಮಾಡಿ ಹೇಳಿಸಿದಳು. ತುಟಿ ಆಡುತ್ತದೆ. ದನಿ ಬರುವುದಿಲ್ಲ. ಬೆವರುತ್ತಾರೆ. ನೋಡಲಾಗದೆ ಎದ್ದು ಹೋದೆ.

ಫೆಬ್ರವರಿ 28, ಬೆಳಿಗ್ಗೆ 10

ಕೊನೆಯ ಬುಲೆಟಿನ್. ಓದಿದೆ, ತಪ್ಪಿಲ್ಲದೆ. ನಮಸ್ಕಾರ ಅನ್ನುವಾಗ ಕೆಮ್ಮಿದ ಹಾಗೆ ಮಾಡಿದೆ. ಲೈಬ್ರರಿ ಅಕ್ಕ ಕಾರಿಡಾರಿನಲ್ಲಿ ಕಾದಿದ್ದು ಅಪ್ಪಿಕೊಂಡಳು. ಬ್ರೇಕಿಂಗ್ ಕಾರಿನ ತನಕ ಬಂದು ಬಾಗಿಲು ತೆಗೆದ.

ಗುಜರಿ ಲಾರಿಯೂ ಇವತ್ತೇ ಬಂದು ನಿಂತಿತ್ತು. ನೆರೆ, ಕಾರ್ಖಾನೆ ಗೇಟು, ಮತ ಎಣಿಕೆ — ಎಲ್ಲವನ್ನೂ ಗೋಣಿಚೀಲಕ್ಕೆ ತುಂಬುತ್ತಿದ್ದರು. ನಿಂತು ನೋಡಿದೆ. ಅತ್ತುಬಿಟ್ಟೆ. ಡ್ರೈವರು ಬೇಕಿದ್ರೆ ಒಂದೆರಡು ತಗೊಳ್ಳಿ ಅಮ್ಮ ಅಂದ. ಬೇಡಪ್ಪ, ನನ್ನದು ಸಿಕ್ಕಿದೆ ಅಂದೆ.

ಮನೆಗೆ ಬಂದಾಗ, ನಾನಿಲ್ಲದಾಗ ಇವರನ್ನು ನೋಡಿಕೊಳ್ಳುವ ನರ್ಸಮ್ಮ ಹೊರಡುವ ಆತುರದಲ್ಲಿದ್ದರು. ಹೋದರು. ಇವರು ರೂಮಿನಲ್ಲಿ ಮಲಗಿದ್ದಾರೆ. ಮುಖ ತೊಳೆಯದೆ ಅಡುಗೆಮನೆ ಮೇಜಿನ ಹತ್ತಿರ ಕೂತು ಬರೆಯುತ್ತಿದ್ದೇನೆ. ನಾಳೆಯಿಂದ ಐದಕ್ಕೆ ಏಳುವ ಹಾಗಿಲ್ಲ. ಏಳದೆ ಏನು ಮಾಡಲಿ ಅಂತ—

ನರ್ಸಮ್ಮ ಟೇಪು ಹಾಕಿಟ್ಟು ಹೋದರೋ ಏನೋ. ಕೂಗುತ್ತಿದೆ, ಆ ಕೊನೆಯ ಕೂಗು. ಪ್ಲೇಯರ್ ಆಫ್ ಮಾಡಿ ಬರಬೇಕು.

ಅಲ್ಲ. ಪ್ಲೇಯರ್ ಇಲ್ಲೇ ಹಾಲಿನಲ್ಲಿದೆ, ಎದುರಿಗೇ ಕಾಣುತ್ತಿದೆ, ಸ್ವಿಚ್ ಆಫ್. ದನಿ ರೂಮಿನಿಂದ. ತೊದಲುತ್ತಿದೆ. ಅರ್ಧಕ್ಕೆ ನಿಂತು ಮತ್ತೆ ಮೊದಲಿಂದ... ನನ್ನ ಹೆಸರು. ಬಂದೆ ರೀ, ಬಂ