ಕೊಡತಿ ಸದ್ದಿಲ್ಲದ ಮಧ್ಯಾಹ್ನ

ಮಾರ್ಚ್ ೧೨, ಮಂಗಳವಾರ

ಮತ್ತೆ ಅದೇ ಕಥೆ. ಫೋನಿನಲ್ಲಿ ರೆಕಾರ್ಡ್ ಆದದ್ದು ಬರೀ ಟಕ್ ಟಕ್. ಹೆಂಗಸರು ದಿಮ್ಮಿಯ ಮೇಲೆ ತೊಗಟೆ ಹರಡಿ, ಬಟ್ಟೆಯಾಗುವವರೆಗೂ ಕೊಡತಿಯಿಂದ ಬಡಿಯುವ ಸದ್ದು. ಅದರಡಿಯಲ್ಲೆಲ್ಲೋ ಕಲೊಲೈನೆ ದೊಡ್ಡಮ್ಮನ ದನಿ. ಕಿವಿಗೆ ಒತ್ತಿಕೊಂಡು ಕೇಳಿದೆ. 'ಹವಳ' ಅನ್ನುವ ಒಂದು ಪದ ಸಿಕ್ಕಿತು, ಅಷ್ಟೇ.

ಅವಳು ಪದ್ಯ ಹೇಳುವುದೇ ಹಾಗೆ. ಕೈಯಲ್ಲಿ ಕೊಡತಿ, ಸುತ್ತ ಹೆಂಗಸರು, ಮೇಲೆ ಸದ್ದಿನ ಹೊದಿಕೆ. ಬರೆದಿಟ್ಟದ್ದು ಒಂದೂ ಇಲ್ಲ. ಅಂಗಳದ ಆಚೆ ಬದಿಗೆ ಅವಳ ತಮ್ಮನ ಮನೆ — ಮೊಸೆಸೆ ಮಾವ. ಅಕ್ಕನ ಒಲವಿನ ಮಾತು ತಮ್ಮನ ಕಿವಿಗೆ ಬೀಳುವುದುಂಟೇ? ಟೀವಿಯಲ್ಲಿ ಯಾರೋ ಯಾರನ್ನೋ ತಬ್ಬಿಕೊಂಡರೂ ಅಕ್ಕ ತಮ್ಮಂದಿರಲ್ಲಿ ಒಬ್ಬರು ಎದ್ದು ಹೊರಗೆ ಹೋಗುವ ಊರು ನಮ್ಮದು.

ಮೂವತ್ತು ಉತ್ತರ ಪತ್ರಿಕೆ ಬಾಕಿ. ತಲೆನೋವು.

ಮಾರ್ಚ್ ೧೫

ಸುವಾ ಊರಿನ ಪ್ರಕಾಶನದಿಂದ ಸಂಪಾದಕಿಯ ಈಮೇಲ್. ಬಹಳ ಮರ್ಯಾದೆಯ ಇಂಗ್ಲಿಷು. ಅರ್ಥ ಇಷ್ಟೇ — ನಾಲ್ಕನೇ ಅಧ್ಯಾಯ ಎಲ್ಲಿ ತಾಯಿ?

ಟೋಂಗಾದ ಹೆಂಗಸರ ಹೊಸ ಕಾವ್ಯದ ಬಗ್ಗೆ ನನ್ನ ಪುಸ್ತಕ. ಆರು ವರ್ಷ ತಿಂದಿದೆ. ಮೊದಲ ಮೂರು ಅಧ್ಯಾಯ ಸರಾಗವಾಗಿ ಬಂದವು: ಚರ್ಚಿನ ಹಾಡು, ದೊರೆಗಳ ಹೊಗಳಿಕೆ, ಶಾಲಾ ಪತ್ರಿಕೆಗಳ ಕವಿತೆ. ಎಲ್ಲದರಲ್ಲೂ ನಮ್ಮ ಹೆಂಗಸು ಹೂವಾಗಿದ್ದಾಳೆ, ಹಕ್ಕಿಯಾಗಿದ್ದಾಳೆ, ಗಾಳಿಯಾಗಿದ್ದಾಳೆ. ಬಾಯಲ್ಲಿ ಒಂದು, ಮನಸ್ಸಿನಲ್ಲಿ ಇನ್ನೊಂದು — ಅದೇ ನಮ್ಮ ಕಾವ್ಯದ ಜಾಣತನ. ನಾನು ಹುಡುಕುತ್ತಿದ್ದದ್ದು 'ನಾನು' ಅಂದವಳನ್ನು. ಸಿಕ್ಕಿದ್ದು ಬೇಲಿಯಾಚೆ. ನನ್ನ ಸ್ವಂತ ದೊಡ್ಡಮ್ಮ.

ಅವಳಿಗೆ ಎಪ್ಪತ್ತನಾಲ್ಕು. ಸಕ್ಕರೆ ಕಾಯಿಲೆ ಈಗ ಕಿಡ್ನಿಗೆ ಬಂದಿದೆ. ಡಾಕ್ಟರು ಮೊನ್ನೆ ಕಾಗದ ನೋಡುತ್ತ ಮಾತಾಡಿದರು, ಮುಖ ನೋಡಲಿಲ್ಲ. ಅವಳು ಹೋದರೆ ಪದ್ಯವೂ ಹೋಗುತ್ತದೆ. ಈ ಮಾತು ಬರೆಯಲು ನನಗೇ ನಾಚಿಕೆ.

ಮಾರ್ಚ್ ೨೩, ಶನಿವಾರ

ದೊಡ್ಡಮ್ಮ ಚಾಪೆಗೆಂದು ಕೇದಗೆ ಎಲೆ ಸುರುಳಿ ಸುತ್ತುತ್ತಿದ್ದಳು. ಪಕ್ಕದಲ್ಲಿ ಕೂತು ಕೇಳಿಯೇಬಿಟ್ಟೆ. ಒಂದೇ ಒಂದು ಸಲ, ಸದ್ದಿಲ್ಲದೆ ಹೇಳು ಅಂತ.

"ಬಟ್ಟೆ ಇಲ್ಲದೆ ಬೀದಿಗೆ ಬಾ ಅಂತೀಯಲ್ಲೇ ನೈಸೆ."

ನಕ್ಕೆವು. ಅವಳಿಗೆ ಕೆಮ್ಮು ಬರುವವರೆಗೆ ನಕ್ಕೆವು. ಆಮೇಲೆ ಇನ್ನೆರಡು ಸುರುಳಿ ಸುತ್ತಿದಳು. ಪುಸ್ತಕ ಯಾರು ಓದುತ್ತಾರೆ ಅಂತ ಕೇಳಿದಳು. ಕಾಲೇಜಿನ ಹುಡುಗಿಯರು ಅಂದೆ. ಅವರೂ ಯಾರಿಗೋ ಕಾಯುತ್ತಿರುತ್ತಾರಾ ಅಂದಳು. ಕಾಯುತ್ತಾರೆ ದೊಡ್ಡಮ್ಮ, ಈಗ ಫೋನು ಹಿಡಿದುಕೊಂಡು ಕಾಯುತ್ತಾರೆ.

"ಸರಿ. ಮೊಸೆಸೆ ತೋಟಕ್ಕೆ ಹೋದ ಹೊತ್ತು ನೋಡ್ಕೊಂಡು ಬಾ."

ಮನೆಗೆ ಬಂದು ಒಬ್ಬಳೇ ಕುಣಿದೆ. ಐವತ್ತೊಂದು ವರ್ಷದ ಮೇಡಂ.

ಏಪ್ರಿಲ್ ೪, ಗುರುವಾರ

ಬರೆಯಲು ಮನಸ್ಸಿಲ್ಲ. ಆದರೂ ನಡೆದದ್ದು ನಡೆದ ಹಾಗೇ ಬರೆಯುತ್ತೇನೆ.

ಮಧ್ಯಾಹ್ನ. ಬಡಿಯುವ ಹೆಂಗಸರೆಲ್ಲ ಪಕ್ಕದೂರಿಗೆ ಹೋಗಿದ್ದರು. ಗಾಳಿಯಿಲ್ಲ. ಮರದಲ್ಲಿ ಬಾವಲಿಗಳೂ ಮಿಸುಕುತ್ತಿರಲಿಲ್ಲ. ಮಾವ ದಿನವೂ ಊಟವಾದ ಮೇಲೆ ತೋಟಕ್ಕೆ ಹೋಗುವವನು. ಹೋಗಿರುತ್ತಾನೆ ಅಂದುಕೊಂಡೆ. ನೋಡಲಿಲ್ಲ. ಅವನ ಪಾದಕ್ಕೆ ಮೊಳೆ ಚುಚ್ಚಿ ಬ್ಯಾಂಡೇಜು ಕಟ್ಟಿದ್ದಾರೆಂದು ಭಾನುವಾರ ಚರ್ಚಿನಲ್ಲೇ ಕೇಳಿದ್ದೆ. ಆ ಕಿವಿಯಲ್ಲಿ ಕೇಳಿ ಈ ಕಿವಿಯಲ್ಲಿ ಬಿಟ್ಟಿದ್ದೆ.

ದೊಡ್ಡಮ್ಮ ಕಿಟಕಿ ಪಕ್ಕ ಕೂತಳು. ಖಾಲಿ ಕೈ ಎಲ್ಲಿಡಬೇಕೋ ತಿಳಿಯಲಿಲ್ಲ ಅವಳಿಗೆ, ಮಡಿಲಲ್ಲಿಟ್ಟುಕೊಂಡಳು. ನಾನು ರೆಕಾರ್ಡ್ ಒತ್ತಿದೆ, ಅವಳು ಶುರು ಮಾಡಿದಳು. ಎಂಥ ದನಿ! ಇಷ್ಟು ವರ್ಷ ಅದರ ಸಿಪ್ಪೆ ಮಾತ್ರ ಕೇಳಿದ್ದೆ.

ನಿನ್ನ ಹಡಗು ಹವಳದ ದಂಡೆ ದಾಟಿತು,
ನಾನು ದಾಟಲಿಲ್ಲ.
ನಿನ್ನ ಪೆಟ್ಟಿಗೆ ಹೊತ್ತೊಯ್ದವನು ನನ್ನ ಮನೆಯ ಹುಡುಗನೇ,
ಅವನ ಹೆಗಲ ಮೇಲೆ ಕಣ್ಣಿಟ್ಟು ನಾನು ನಿಂತೆ, ನಾನು ಕಾದೆ,
ಕಾಯುವವಳ ಹೆಸರು ನಾನು…

ಆಗ ತಿಳಿಯಿತು ನನಗೆ. ಅಮ್ಮ ಒಮ್ಮೆ ಹೇಳಿದ್ದಳು — ವವಾವು ದ್ವೀಪದಿಂದ ಒಬ್ಬ ಮೇಷ್ಟ್ರು ದೊಡ್ಡಮ್ಮನನ್ನು ಕೇಳಿಕೊಂಡು ಬಂದಿದ್ದ, ಅಜ್ಜನಿಗೆ ಒಪ್ಪಿಗೆಯಾಗಲಿಲ್ಲ, ವಾಪಸು ಕಳಿಸಿದರು ಅಂತ. ಅವನ ಪೆಟ್ಟಿಗೆ ಹೊತ್ತು ಹಡಗಿಗೆ ಹಾಕಿಬಂದ ಹುಡುಗ ಮೊಸೆಸೆ ಮಾವ.

ಅಷ್ಟರಲ್ಲಿ ಹಿತ್ತಲಲ್ಲಿ ಸದ್ದು. ಕಿಟಕಿಯ ಹಿಂದೆಯೇ, ನೆಲದೊಲೆಯ ಪಕ್ಕ, ಮಾವ. ತೆಂಗಿನಕಾಯಿ ತುರಿಯಲು ಕೂತಿದ್ದವನು. ಏಳಲು ಒದ್ದಾಡುತ್ತಿದ್ದ. ಎದ್ದ. ಅಂಗಳ ದಾಟಿ ಕುಂಟುತ್ತ ಹೋದ. ಒಂದು ಕೈಯಲ್ಲಿ ಕೋಲು, ಇನ್ನೊಂದು ಕೈ ಕಿವಿಯ ಮೇಲೆ. ಒಂದು ಕಿವಿ ತೆರೆದೇ ಇತ್ತು.

ದೊಡ್ಡಮ್ಮ ನೋಡಿದಳು. ಪದ್ಯ ಅಲ್ಲಿಗೇ ನಿಂತಿತು.

ಏಪ್ರಿಲ್ ೫

ಮಾವ ಬೆಳಗಿನ ಬಸ್ಸಿಗೆ ಮುಆಗೆ ಹೋದನಂತೆ, ಚಿಕ್ಕಪ್ಪನ ಮಗನ ಮನೆಗೆ. ಯಾವಾಗ ಬರುತ್ತಾನೆಂದು ಯಾರಿಗೂ ಹೇಳಿಲ್ಲ. ಐವತ್ತು ವರ್ಷಕ್ಕೂ ಮೇಲ್ಪಟ್ಟು ಒಂದೇ ಅಂಗಳದಲ್ಲಿದ್ದವರು.

ದೊಡ್ಡಮ್ಮ ನನ್ನನ್ನು ಬೈಯಲಿಲ್ಲ. ಬೈದಿದ್ದರೆ ಒಳ್ಳೆಯದಿತ್ತು.

"ಪದ್ಯ ತೆಗೆದುಹಾಕು. ಪುಸ್ತಕದಲ್ಲಿ ಬೇಡ. ನನ್ನ ಮುಖ ನೋಡೋಕೇ ಆಗದೆ ಹೋಗಿಬಿಟ್ಟ ಅವನು."

ತೆಗೆಯುತ್ತೇನೆ ಅಂದೆ. ಫೋನಿನಲ್ಲಿ ಇನ್ನೂ ಇದೆ.

ಏಪ್ರಿಲ್ ೭, ಭಾನುವಾರ

ಚರ್ಚಿನಿಂದ ಬರುವಷ್ಟರಲ್ಲಿ ದೊಡ್ಡಮ್ಮನ ಜಗಲಿಯ ಮೇಲೆ ಬುಟ್ಟಿ. ಮಾವ ನಿನ್ನೆಯೇ ಮುಆದಿಂದ ಕಳಿಸಿದ್ದು, ಬಸ್ಸಿನವನು ಪಕ್ಕದ ಮನೆಯಲ್ಲಿ ಕೊಟ್ಟುಹೋಗಿದ್ದ. ಗೆಣಸು. ಕೆಸುವಿನೆಲೆಯಲ್ಲಿ ಸುತ್ತಿದ ಮಾಂಸ. ಮೊದಲ ಬುಟ್ಟಿ ಅಕ್ಕನಿಗೆ, ಎಲ್ಲಿದ್ದರೂ ತಪ್ಪಿಸಿದವನಲ್ಲ.

"ಕೊಡೋದು ಬಿಟ್ಟಿಲ್ಲ. ಮನೆ ಬಿಟ್ಟಿದ್ದಾನೆ," ಅಂದಳು. ಒಂದು ತುಂಡು ಮುರಿದು ಕೈಯಲ್ಲಿ ಹಿಡಿದುಕೊಂಡಳು. ತಿನ್ನಲಿಲ್ಲ.

ಮೇ ೯

ಸುವಾದಿಂದ ಮತ್ತೆ ಈಮೇಲ್. ಜುಲೈಗೆ ಅಚ್ಚಿಗೆ ಹೋಗಬೇಕಂತೆ. 'ಬರುತ್ತದೆ' ಎಂದು ಬರೆದೆ.

ಮುಆಗೆ ಒಂದು ಗಂಟೆಯ ಬಸ್ಸು. ಹೋಗಿ ಮಾವನನ್ನು ಕರೆತರಬಹುದು. ಬೇರೆ ಯಾರಿಗೂ ಆಗದ್ದು ನನಗೆ ಆಗುತ್ತದೆ — ಅಕ್ಕನ ಮಗಳು ನಾನು, ಸೋದರಮಾವನ ಬುಟ್ಟಿಗೆ ಕೇಳದೆ ಕೈ ಹಾಕುವ ಹಕ್ಕಿದ್ದವಳು, ಅವನ ಟೋಪಿ ಕಿತ್ತುಕೊಂಡು ಹಾಕಿಕೊಂಡರೂ ನಗುತ್ತಾನೆ. ಆದರೆ ಹೋಗಲಿಲ್ಲ. ಪರೀಕ್ಷೆ ಅಂದುಕೊಂಡೆ, ಮಳೆ ಅಂದುಕೊಂಡೆ.

ನಿಜ ಬರೆಯಲೇ? ಅವನು ದೂರ ಇದ್ದಷ್ಟು ದಿನ ದೊಡ್ಡಮ್ಮನ ಮನಸ್ಸು ತಿರುಗಿಸಬಹುದು ಅಂತ ಆಸೆ. ಎದುರಿಗೆ ತಮ್ಮನಿಲ್ಲದಿದ್ದರೆ 'ಹೂಂ' ಅಂದಾಳು ಅಂತ. ಥೂ.

ಜೂನ್ ೧೯

ದೊಡ್ಡಮ್ಮನನ್ನು ಆಸ್ಪತ್ರೆಗೆ ಸೇರಿಸಿದೆವು. ಪಾದ ಊದಿ ಹೊಳೆಯುತ್ತಿದೆ. ತೊಗಟೆ ಬಡಿಯುವ ಗುಂಪಿನ ಫೂಸಿ ಬಂದು ರಾತ್ರಿ ಕೂರುತ್ತೇನೆಂದಳು. ಫೂಸಿಯ ಮೈಯೂ ದೊಡ್ಡದು, ಬಾಯಿಯೂ ದೊಡ್ಡದು. ನರ್ಸನ್ನೇ ಗದರಿಸಿ ಕುರ್ಚಿ ತರಿಸಿಕೊಂಡಳು. ದೊಡ್ಡಮ್ಮ ನಕ್ಕಳು. ಎಷ್ಟು ದಿನವಾಗಿತ್ತು.

ಜೂನ್ ೨೨, ಶನಿವಾರ

ಬೆಳಗ್ಗೆ ಸ್ವಲ್ಪ ಹೊತ್ತು ಚೆನ್ನಾಗಿದ್ದಳು. ನನ್ನ ಮಣಿಕಟ್ಟು ಹಿಡಿದಳು.

"ಮೊಸೆಸೆಗೆ ಹೇಳು. ಗೆಣಸು ಚೆನ್ನಾಗಿತ್ತು ಅಂತ."

ಅಷ್ಟೇ. ಇದಕ್ಕಿಂತ ಹೆಚ್ಚು ಅವಳು ಹೇಳುವಂತಿಲ್ಲ, ಇದಕ್ಕಿಂತ ಹೆಚ್ಚು ಅವನು ಕೇಳುವಂತಿಲ್ಲ. 'ನಾನು' ಎಂದು ಹೇಳಿದ ಹೆಂಗಸು ಕೊನೆಗೆ ಗೆಣಸಿನ ಹಿಂದೆ ಅಡಗಿ ಮಾತಾಡಿದಳು. ಹೇಳುತ್ತೇನೆ ಅಂದೆ.

ಮಧ್ಯಾಹ್ನದ ಬಸ್ಸಿಗೆ ಹೋಗಬೇಕೆಂದಿದ್ದೆ. ಮೂರನೇ ಅಧ್ಯಾಯದ ಪುಟಗಳು ತಿದ್ದಲು ಬಂದಿದ್ದವು. ಇದೊಂದು ಮುಗಿಸಿಬಿಡೋಣ ಅಂತ ಕೂತೆ. ಎದ್ದಾಗ ಬಸ್ಸು ಹೋಗಿತ್ತು. ನಾಳೆ ಭಾನುವಾರ — ಬಸ್ಸಿಲ್ಲ, ಟ್ಯಾಕ್ಸಿಯಿಲ್ಲ, ದೇವರ ದಿನ. ಸೋಮವಾರ ಮೊದಲ ಬಸ್ಸು.

ಜೂನ್ ೨೩, ಭಾನುವಾರ

ಹೋದಳು. ಚರ್ಚಿನ ಗಂಟೆ ಹೊಡೆಯುತ್ತಿತ್ತು.

ಜೂನ್ ೨೯

ಮಾವ ರೇಡಿಯೋದಲ್ಲಿ ಸಾವಿನ ಸುದ್ದಿ ಕೇಳಿ ಬಂದ. ಮೈ ಮುಚ್ಚುವಷ್ಟು ದೊಡ್ಡ ಹರಕು ಚಾಪೆ, ನಮ್ಮ ಸೂತಕದ ಉಡುಗೆ, ಸೊಂಟಕ್ಕೆ ಕಟ್ಟಿಕೊಂಡಿದ್ದ. ಅಕ್ಕನನ್ನು ಮಲಗಿಸಿದ ಕೋಣೆಗೆ ಬರಲಿಲ್ಲ. ಬದುಕಿದ್ದಾಗಲೇ ಕಾಲಿಡದ ಕೋಣೆ ಅದು. ಹಿತ್ತಲಲ್ಲೇ ಇದ್ದ, ನೆಲದೊಲೆಗೆ ಕಲ್ಲು ಜೋಡಿಸುತ್ತ, ಬಂದವರಿಗೆಲ್ಲ ಬೇಯಿಸುತ್ತ. ಕಣ್ಣು ಕೆಂಪಗಿತ್ತು. ಯಾರೋ ಹೊಗೆ ಅಂದರು. ಹೊಗೆಯೇ ಇರಬೇಕು ಅಂದ.

ನಾನು ಅವನ ಹತ್ತಿರ ಹೋಗಲಿಲ್ಲ. ಗೆಣಸಿನ ಮಾತು ಇನ್ನೂ ನನ್ನ ಹತ್ತಿರವೇ ಇದೆ.

ಹಳ್ಳಿಯಲ್ಲಿ ಕೊಡತಿ ಎತ್ತುವಂತಿಲ್ಲ, ಸೂತಕ ಮುಗಿಯುವವರೆಗೆ. ಇಷ್ಟು ಮೌನ ಈ ಅಂಗಳಕ್ಕೆ ಒಗ್ಗುವುದಿಲ್ಲ. ಆ ಮಧ್ಯಾಹ್ನದ ಮೌನವೇ ಮುಂದುವರಿದ ಹಾಗಿದೆ.

ಜುಲೈ ೪

ಹೇಳಿದೆ.

ಮಾವ ಅಂಗಳದಲ್ಲಿ ಗುದ್ದಲಿಗೆ ಹಿಡಿ ಹಾಕುತ್ತಿದ್ದ. ಪಕ್ಕದಲ್ಲಿ ಕೂತೆ. ಗೆಣಸು ಚೆನ್ನಾಗಿತ್ತಂತೆ ಅಂದೆ. ಕೈ ನಿಂತಿತು. ಯಾವಾಗ ಹೇಳಿದಳು ಅಂತ ಕೇಳಿದ. ಶನಿವಾರ ಬೆಳಗ್ಗೆ ಅಂದೆ. ಶನಿವಾರ ಎರಡು ಬಸ್ಸಿತ್ತಲ್ಲ ಅಂತ ಅವನು ಕೇಳಲಿಲ್ಲ. ಕೇಳಬೇಕಿತ್ತು. ನಾನೇ ಹೇಳಿದೆ. ಅವನು ತಲೆ ಮಾತ್ರ ಆಡಿಸಿದ.

ನಿನಗೆ ಅವಳ ಮೇಲೆ ಅಷ್ಟು ಸಿಟ್ಟಿತ್ತಾ ಮಾವ ಅಂತ ಕೇಳಿದೆ. ಅವನು ನನ್ನನ್ನು ನೋಡಿದ ನೋಟ ಮರೆಯುವುದಿಲ್ಲ. ಏನೂ ತಿಳಿಯದ ಕೂಸನ್ನು ನೋಡುವ ಹಾಗೆ.

"ಸಿಟ್ಟು ಯಾಕೆ ಮಗಳೇ? ನನ್ನ ಕಂಡರೆ ಅವಳು ನಾಚ್ಕೋತಾಳೆ ಅಂತ ಹೋದೆ. ಕಣ್ಣಿಗೆ ಬೀಳದಿದ್ರೆ ಮರೀತಾಳೆ ಅಂದ್ಕೊಂಡೆ."

ಅವಳು ಮರೆಯಲಿಲ್ಲ ಅಂದೆ. ಗುದ್ದಲಿಯ ಹಿಡಿ ಸವರಿ ನೋಡಿದ. ಆಮೇಲೆ ಹೇಳಿದ್ದು ಇದು —

"ಅವಳು ದಿಮ್ಮಿ ಮುಂದೆ ಕೂತಾಗ ಏನೋ ಹೇಳ್ಕೋತಾಳೆ ಅಂತ ನಂಗೆ ಹುಡುಗ ವಯಸ್ಸಿಂದ ಗೊತ್ತು. ಕೊಡತಿ ಸದ್ದು ಶುರುವಾದ ಕೂಡ್ಲೆ ಗುದ್ದಲಿ ತಗೊಂಡು ತೋಟಕ್ಕೆ ಹೋಗಿಬಿಡ್ತಿದ್ದೆ. ಹೇಳ್ಕೊಳ್ಲಿ ಪಾಪ, ಧಾರಾಳವಾಗಿ ಹೇಳ್ಕೊಳ್ಲಿ ಅಂತ. ಆವತ್ತು ಸದ್ದು ಬರಲಿಲ್ಲ, ನೈಸೆ."

ಸದ್ದು ತನ್ನ ದನಿಯನ್ನು ಮುಚ್ಚುತ್ತದೆ ಎಂದುಕೊಂಡಿದ್ದಳು ದೊಡ್ಡಮ್ಮ. ಸದ್ದು ಕೇಳಿ ಅವನು ಜಾಗ ಬಿಡುತ್ತಿದ್ದ. ಇಬ್ಬರೂ ಒಬ್ಬರಿಗೊಬ್ಬರು ಹೇಳದೆ ಐವತ್ತು ವರ್ಷ ಕಾಪಾಡಿಕೊಂಡದ್ದನ್ನು ನಾನು, ಓದಿದವಳು, ಒಂದು ಮಧ್ಯಾಹ್ನದಲ್ಲಿ ಮುರಿದೆ.

ಪದ್ಯ ಪುಸ್ತಕದಲ್ಲಿ ಇರಲಾ ಅಂತ ಕೇಳಿದೆ. ಆಗಲೂ ಆಸೆ ಬಿಟ್ಟಿರಲಿಲ್ಲ ನನಗೆ.

"ಅವಳು ಏನಂದ್ಲು?"

ಬೇಡ ಅಂದಳು.

"ಮತ್ತೆ ನನ್ನ ಯಾಕೆ ಕೇಳ್ತೀಯ? ಅಕ್ಕನ ಮಾತಿನ ಮೇಲೆ ತಮ್ಮಂದೇನಿದೆ?"

ಸುವಾಕ್ಕೆ ಬರೆದೆ. ನಾಲ್ಕನೇ ಅಧ್ಯಾಯ ಇಲ್ಲ. ಮೂರಕ್ಕೆ ಪುಸ್ತಕ ಮುಗಿಯುತ್ತದೆ. 'ನಾನು' ಎಂದು ಮೊದಲು ಹೇಳಿದವಳ ಹೆಸರು ಅದರಲ್ಲಿ ಬರುವುದಿಲ್ಲ. ಕಳಿಸಿ, ಕಂಪ್ಯೂಟರ್ ಮುಚ್ಚಿ, ಜೋರಾಗಿ ಅತ್ತೆ. ಪುಸ್ತಕಕ್ಕೆ ಅಲ್ಲ.

ಜುಲೈ ೧೬, ಮಂಗಳವಾರ

ಸೂತಕ ಮುಗಿಯಿತು. ಬೆಳಗ್ಗೆ ಫೂಸಿ ಬೇಲಿಯ ಹತ್ತಿರ ಬಂದು ನಿಂತಳು. ಇವತ್ತು ಕೂರುತ್ತೇವೆ, ಕಲೊಲೈನೆ ಅರ್ಧಕ್ಕೆ ಬಿಟ್ಟ ಬಟ್ಟೆ ಮುಗಿಸಬೇಕು, ನೀನೂ ಬಾ ಅಂದಳು. ನನಗೆ ಬಡಿಯಲು ಬರುವುದಿಲ್ಲವೆಂದೆ. ಆರು ವರ್ಷ ಪಕ್ಕದಲ್ಲಿ ಕೂತು ಏನು ಕಲಿತೆ ಹಾಗಾದರೆ ಅಂದಳು.

ಅವಳ ಪದ್ಯ ಹೋಯಿತಲ್ಲ ಫೂಸಿ ಅಂದೆ. ಬಾಯಿ ತಪ್ಪಿ ಬಂತು.

"ಎಲ್ಲಿಗೆ ಹೋಗುತ್ತೆ? ನಮಗೆಲ್ಲ ಬಾಯಿಪಾಠ ಕಣೇ. ಇಷ್ಟು ವರ್ಷ ಮತ್ತೇನು ಬಡೀತಿದ್ವಿ ಅಂದ್ಕೊಂಡೆ?" ಎರಡು ಹೆಜ್ಜೆ ಹೋಗಿ ತಿರುಗಿದಳು. "ಫೋನು ಮನೇಲಿಟ್ಟು ಬಾ."

ಫೋನು ಇಲ್ಲೇ ಮೇಜಿನ ಮೇಲಿದೆ. ಅವಳ ದನಿ ಅದರಲ್ಲಿದೆ, 'ಕಾಯುವವಳ ಹೆಸರು ನಾನು' ಅನ್ನುವವರೆಗೆ. ತೆಗೆಯುತ್ತೇನೆ ಅಂದಿದ್ದೆ. ಇಷ್ಟು ದಿನ ಆಗಲಿಲ್ಲ. ಈಗ ತೆಗೆದೆ.

ಕಿಟಕಿಯಿಂದ ಕಾಣುತ್ತಿದೆ. ಹೆಂಗಸರು ಕೂತರು. ದಿಮ್ಮಿಯ ತುದಿಯಲ್ಲಿ ಒಂದು ಜಾಗ ಖಾಲಿ, ಅಲ್ಲಿ ದೊಡ್ಡಮ್ಮನ ಕೊಡತಿ. ಮೊದಲ ಪೆಟ್ಟು ಬಿತ್ತು. ಎರಡನೆಯದು. ಆಚೆ ಮನೆಯ ಬಾಗಿಲು ತೆರೆಯಿತು. ಮಾವ ಬಂದ, ಗುದ್ದಲಿ ಹೆಗಲಿಗೇರಿಸಿದ, ಈ ಕಡೆ ತಿರುಗಿ ನೋಡದೆ ಕುಂಟುತ್ತ ತೋಟದ ದಾರಿ ಹಿಡಿದ. ಅವನು ತಿರುವು ದಾಟಲಿ. ದಾಟಿದ. ಫೋನು ಇಲ್ಲೇ ಇರಲಿ. ಈಗ ನಾನು…